ಗುಬ್ಬಿ ತೋಟದಪ್ಪನವರು ಮತ್ತು ನಾವು
(ಕಾಚಿಗೂಡದ ಕಾರ್ಮಿಕ ಸಭೆಯಲ್ಲಿ ಮಾಡಿದ ಭಾಷಣ)



ಗುಬ್ಬಿ ತೋಟದಪ್ಪನವರ ವಿಷಯವಾಗಿ ನಾಲ್ಕು ಮಾತು ಹೇಳಬೇಕೆಂದು ಸಂಘದವರು ಅಪ್ಪಣೆ ಮಾಡಿದ್ದಾರೆ. ಕಾರ್ಮಿಕರ ಸಭೆಯಲ್ಲಿ ಸಾಹುಕಾರರ ಮಾತೇಕೆ ಎಂದು ತಾವು ಕೇಳಬಹುದು. ಕೇಳುವುದು ನ್ಯಾಯವೇ.

ತೋಟದಪ್ಪನವರು 1838ರಲ್ಲಿ ಹುಟ್ಟಿದರು. ಬೆಂಗಳೂರಿನ ಮಾಮೂಲುಪೇಟೆಯಲ್ಲಿ ವ್ಯಾಪಾರ ಮಾಡಿ ಹಣ ಗಳಿಸಿದರು. ಅದೇ ಕಾಲದಲ್ಲಿ, 1881ರಲ್ಲಿ, ದಿವಾನ್ ರಂಗಾಚಾರ್ಲು ಅವರು ಮೈಸೂರು ಸಂಸ್ಥಾನದಲ್ಲಿ ಪ್ರಜಾಪ್ರತಿನಿಧಿ ಸಭೆ ತೆರೆದರು. ಜಮೀನುದಾರರೂ ವರ್ತಕರೂ ಅಲ್ಲಿ ಕುಳಿತು ತಮ್ಮ ಅಹವಾಲು ಹೇಳಿಕೊಂಡರು. ಮೂಟೆ ಹೊರುವವನಿಗೆ, ಎಂಜಲು ಲೋಟ ಎತ್ತುವವನಿಗೆ ಅಲ್ಲಿ ಜಾಗವಿರಲಿಲ್ಲ.

ರೈಲು ಬಂದ ಮೇಲೆ ಬೆಂಗಳೂರಿಗೆ ಪರಸ್ಥಳದವರು ಬಂದಿಳಿಯುವುದು ಹೆಚ್ಚಿತು. ಇಳಿದವನು ಎಲ್ಲಿ ಮಲಗಬೇಕು? ತೋಟದಪ್ಪನವರು 1897ರಲ್ಲಿ ನಿಲ್ದಾಣದ ಸಮೀಪದಲ್ಲೇ ಎರಡೂವರೆ ಎಕರೆ ಜಾಗ ಕೊಂಡರು. 1903ರಲ್ಲಿ ಅಲ್ಲಿ ಛತ್ರ ತೆರೆಯಿತು. ಓದಲು ಬಂದ ಹುಡುಗರಿಗೆ ವಿದ್ಯಾರ್ಥಿನಿಲಯವೂ ಆಯಿತು. ಮಹಾರಾಜರು 'ಧರ್ಮಪ್ರವರ್ತ' ಎಂಬ ಬಿರುದು ಕೊಟ್ಟರು. ಅವರು ತಮ್ಮ ಆಸ್ತಿಯನ್ನು ಧರ್ಮಸಂಸ್ಥೆಗೆ ಒಪ್ಪಿಸಿದ್ದರಿಂದ, 1910ರಲ್ಲಿ ತೀರಿಕೊಂಡ ಮೇಲೂ ಕೆಲಸ ನಿಲ್ಲಲಿಲ್ಲ. ಇಂದಿಗೂ ಛತ್ರವಿದೆ.

ಈಗ ನಮ್ಮ ಊರಿನ ಮಾತು. ಬೆಂಗಳೂರಿನ ಕಡೆಯ ಗಾಡಿ ಹೊರಡುವುದೂ ಬಂದು ನಿಲ್ಲುವುದೂ ಈ ಕಾಚಿಗೂಡದಲ್ಲೇ. ಕುಂದಾಪುರದ ಹುಡುಗನೊಬ್ಬ ಇಲ್ಲಿ ಇಳಿದು ಹೋಟೆಲಿಗೆ ಸೇರುತ್ತಾನೆ. ರಾತ್ರಿ ಬಾಗಿಲು ಹಾಕಿದ ಮೇಲೆ ಮೇಜು ಜೋಡಿಸಿ ಮಲಗುತ್ತಾನೆ. ಕೆಲಸ ಕೊಟ್ಟವರೇ ಸೂರೂ ಕೊಟ್ಟಿದ್ದಾರೆ. ಸಂಬಳದ ಬಗ್ಗೆ ತುಟಿ ಬಿಚ್ಚಿದರೆ ಒಂದೇ ದಿನ ಎರಡೂ ಹೋಗುತ್ತವೆ. ಅವನ ಬಾಯಿ ಕಟ್ಟಿರುವುದು ಹೆದರಿಕೆಯಲ್ಲ, ಆ ಮೇಜು. ಮಿಲ್ಲಿನ ಅಣ್ಣಂದಿರಿಗೂ ಇದು ಗೊತ್ತು: ಕೆಲಸ ನಿಂತ ತಿಂಗಳು ಬಾಡಿಗೆ ನಿಲ್ಲುವುದಿಲ್ಲ.

ತೋಟದಪ್ಪನವರು ಮಾಡಿದ್ದು ದೊಡ್ಡ ಧರ್ಮ. ಆದರೆ ಇನ್ನೊಬ್ಬ ತೋಟದಪ್ಪನವರು ಬರಲಿ ಎಂದು ಕಾಯುತ್ತ ಕೂರುವುದು ನಮ್ಮ ಧರ್ಮವಲ್ಲ. ಅವರಿಂದ ಎರಡು ವಿಷಯ ಕಲಿಯೋಣ: ಜಾಗ ನಿಲ್ದಾಣದ ಹತ್ತಿರವಿರಲಿ, ವ್ಯವಸ್ಥೆ ಒಬ್ಬರ ಕೈಯಲ್ಲಿ ಉಳಿಯದಿರಲಿ.

ನನ್ನ ಸೂಚನೆ ಇಷ್ಟೇ. ತಿಂಗಳಿಗೆ ತಲೆಗೆ 50 ರೂಪಾಯಿ ಚಂದಾ ಹಾಕಿ ಸಂಘದ ಹೆಸರಿನಲ್ಲಿ ಒಂದು ಕೋಣೆ ಹಿಡಿಯೋಣ. ಹೊಸದಾಗಿ ಬಂದವನಿಗೂ ಕೆಲಸ ಕಳೆದುಕೊಂಡವನಿಗೂ ಹದಿನೈದು ದಿನ ಅಲ್ಲಿ ಚಾಪೆ ಸಿಗಲಿ. ಜಾತಿ ಕೇಳುವುದು ಬೇಡ. ಲೆಕ್ಕವನ್ನು ಪ್ರತಿ ತಿಂಗಳೂ ಸಭೆಯಲ್ಲಿ ಓದಲಿ.

ಮಲಗಲು ಸ್ವಂತ ಜಾಗವಿದ್ದವನು ಯಜಮಾನರ ಮುಂದೆ ನಿಂತು ನ್ಯಾಯವಾದ ಕೂಲಿ ಕೇಳಬಲ್ಲ. ಈ ಸೂಚನೆಯನ್ನು ತಾವು ಇಂದೇ ತೀರ್ಮಾನಿಸಬೇಕೆಂದು ಬೇಡಿ, ನನ್ನ ಮಾತು ಮುಗಿಸುತ್ತೇನೆ.