ಮತಪೆಟ್ಟಿಗೆ ಉಳಿಯಿತು, ಎದುರಾಳಿ ಉಳಿಯಲಿಲ್ಲ



ಪ್ರಜಾಪ್ರಭುತ್ವವು ಸೈನಿಕ ದಂಗೆಯಿಂದಲೇ ಅಳಿಯಬೇಕೆಂದಿಲ್ಲ. ಚುನಾವಣೆಗಳು ಕ್ರಮವಾಗಿ ನಡೆಯುತ್ತಿರುವಾಗಲೂ ಅಳಿಯಬಲ್ಲುದು. ಇದಕ್ಕೆ ಕಾಂಬೋಡಿಯಾ ದೇಶವೇ ನಿದರ್ಶನ.

ವಿಶ್ವಸಂಸ್ಥೆಯ ಉಸ್ತುವಾರಿಯಲ್ಲಿ 1993ರಲ್ಲಿ ಅಲ್ಲಿ ಬಹುಪಕ್ಷೀಯ ಚುನಾವಣೆ ನಡೆಯಿತು. ಮುಂದೆ ರೈತರ ಜಮೀನು ಹಾಗೂ ಕಾಡುಗಳು ರಬ್ಬರ್, ಕಬ್ಬು ಬೆಳೆಯುವ ಕಂಪನಿಗಳಿಗೆ ದೀರ್ಘಾವಧಿ ಗುತ್ತಿಗೆಗೆ ಹೋದವು. ಹಳ್ಳಿಗಳಲ್ಲಿ ಅಸಮಾಧಾನ ಬೆಳೆಯಿತು. 2013ರ ಚುನಾವಣೆಯಲ್ಲಿ ಪ್ರಮುಖ ವಿರೋಧ ಪಕ್ಷವು 123 ಸ್ಥಾನಗಳ ಪೈಕಿ 55ನ್ನು ಗೆದ್ದುಕೊಂಡಿತು.

ಆಳುವವರು ಎಚ್ಚೆತ್ತರು. 2017ರ ಸೆಪ್ಟೆಂಬರಿನಲ್ಲಿ ಆ ಪಕ್ಷದ ನಾಯಕ ಕೆಮ್ ಸೋಖಾ ದೇಶದ್ರೋಹದ ಆರೋಪದ ಮೇಲೆ ಬಂಧಿತರಾದರು. ನವೆಂಬರಿನಲ್ಲಿ ಸರ್ವೋಚ್ಚ ನ್ಯಾಯಾಲಯವು ಪಕ್ಷವನ್ನೇ ವಿಸರ್ಜಿಸಿತು. 2018ರಲ್ಲಿ ಕಣದಲ್ಲಿ 20 ಪಕ್ಷಗಳಿದ್ದವು, ನಿಜವಾದ ಎದುರಾಳಿ ಮಾತ್ರ ಇರಲಿಲ್ಲ. ಆಡಳಿತ ಪಕ್ಷವು 125 ಸ್ಥಾನಗಳನ್ನೂ ಪಡೆಯಿತು. ಸುಮಾರು 6 ಲಕ್ಷ ಮತಪತ್ರಗಳು ಅಸಿಂಧುವಾದವು. ಎರಡನೆಯ ಸ್ಥಾನದ ಪಕ್ಷಕ್ಕೆ ಅಷ್ಟು ಮತಗಳೂ ಬರಲಿಲ್ಲ. 2023ರಲ್ಲಿ ಪ್ರಧಾನಿ ಹುನ್ ಸೆನ್ ಅಧಿಕಾರವನ್ನು ತಮ್ಮ ಮಗನಿಗೇ ಒಪ್ಪಿಸಿದರು.

ಇದು ಪಕ್ಷಗಳ ಜಗಳವಷ್ಟೇ ಎಂದು ಕಾಡಂಚಿನ ಜನ ಸುಮ್ಮನಿರಲಾಗದು. ಮರಗಳ್ಳತನವನ್ನು ಬಯಲಿಗೆಳೆಯುತ್ತಿದ್ದ ಚುಟ್ ವುಟ್ಟಿ 2012ರಲ್ಲೇ ಗುಂಡಿಗೆ ಬಲಿಯಾಗಿದ್ದರು. 2024ರ ಜುಲೈನಲ್ಲಿ 10 ಮಂದಿ ಪರಿಸರ ಕಾರ್ಯಕರ್ತರಿಗೆ 6ರಿಂದ 8 ವರ್ಷಗಳ ಸೆರೆವಾಸ ವಿಧಿಸಲಾಯಿತು. ಅವರ ಪರವಾಗಿ ಸಂಸತ್ತಿನಲ್ಲಿ ಗಟ್ಟಿಯಾಗಿ ಪ್ರಶ್ನಿಸುವ ವಿರೋಧ ಪಕ್ಷ ಆ ವೇಳೆಗೆ ಉಳಿದಿರಲಿಲ್ಲ.

ಮತ ಹಾಕಿ ಮನೆಗೆ ಮರಳಿದರೆ ಪ್ರಜೆಯ ಕರ್ತವ್ಯ ಮುಗಿಯುವುದಿಲ್ಲ. ತಾನು ಮತ ನೀಡದ ಪಕ್ಷಕ್ಕೂ ಸ್ಪರ್ಧಿಸುವ ಹಕ್ಕಿದೆ; ಅದನ್ನು ಕಾಯುವುದೂ ಪ್ರಜೆಯ ಹೊಣೆಯೇ. ಆ ಹಕ್ಕು ಹೋದ ನಾಡಿನಲ್ಲಿ ಕಾಡಿನ ಪರವಾದ ಮಾತೂ ಅಪರಾಧವಾಗುತ್ತದೆ.