ಕಾವೇರಿಗೆ ಹುಚ್ಚು ಹಿಡಿಸಿದವರು ಯಾರು?

(ಕೊಳ್ಳೇಗಾಲದಲ್ಲಿ ಸೇರಿದ್ದ ಕೊಳ್ಳೇಗಾಲ, ಹನೂರು, ಯಳಂದೂರು ಕಡೆಯ ಸ್ವಸಹಾಯ ಸಂಘಗಳ ಮಹಿಳೆಯರ ಮುಂದೆ ಆಡಿದ ಮಾತು)



ಈಗ ತಾನೇ ಒಟ್ಟಿಗೆ ಕೂತು ‘ಶರಪಂಜರ’ ಚಿತ್ರ ನೋಡಿದೆವು. ಹಲವರು ಸೆರಗಿನಲ್ಲಿ ಕಣ್ಣೊರೆಸಿಕೊಂಡಿರಿ. ನಾನೂ ಅತ್ತೆ. ಮನೆಗೆ ಹೋಗುವ ಮುನ್ನ ಒಂದು ಪ್ರಶ್ನೆ: ಕಾವೇರಿಗೆ ಎರಡನೇ ಸಲ ಹುಚ್ಚು ಹಿಡಿಸಿದವರು ಯಾರು?

ತ್ರಿವೇಣಿಯವರ ಕಾದಂಬರಿಯನ್ನು ಪುಟ್ಟಣ್ಣ ಕಣಗಾಲರು ತೆರೆಗೆ ತಂದರು. ಕಾವೇರಿಯಾಗಿ ಕಲ್ಪನಾ ನಟಿಸಿದರು. ನಮ್ಮ ಬಿಳಿಗಿರಿರಂಗನನ್ನು ಕರೆದು ಹಾಡುವ ಹಾಡೂ ಅದರಲ್ಲಿದೆ. ಎರಡನೇ ಹೆರಿಗೆಯಾದ ಮೇಲೆ ಕಾವೇರಿಯ ಮನಸ್ಸು ಕೆಡುತ್ತದೆ. ಇದು ಬರೀ ಕತೆಯಲ್ಲ. ಸಾವಿರ ಬಾಣಂತಿಯರಲ್ಲಿ ಒಬ್ಬರಿಗೋ ಇಬ್ಬರಿಗೋ ಇಂಥ ತೀವ್ರ ಕಾಯಿಲೆ ಬರುತ್ತದೆ. ಅದು ಗಾಳಿಯಲ್ಲ, ಪಾಪದ ಫಲವಲ್ಲ. ತಡಮಾಡದೆ ಆಸ್ಪತ್ರೆಗೆ ಕರೆದೊಯ್ದರೆ ಹೆಚ್ಚಿನವರು ಗುಣವಾಗುತ್ತಾರೆ.

ಕಾವೇರಿಯೂ ಗುಣವಾಗಿಯೇ ಮನೆಗೆ ಬಂದಳು. ಎಷ್ಟೋ ಚಿತ್ರಗಳಲ್ಲಿ ಹುಚ್ಚು ಎಂದರೆ ಕೂದಲು ಕೆದರಿಕೊಂಡು ಕಿರುಚುವುದು, ನೋಡಿದವರು ನಗುವುದು. ಇಲ್ಲಿ ಹಾಗಲ್ಲ. ಚೆನ್ನಾಗಿರುವ ಹೆಂಗಸು ದಿನದಿನಕ್ಕೆ ಕುಗ್ಗುವುದನ್ನು ಕಲ್ಪನಾ ತೋರಿಸುತ್ತಾರೆ. ಸಿಟ್ಟು ಬಂದರೂ ಹುಚ್ಚು, ನಕ್ಕರೂ ಹುಚ್ಚು ಎಂದು ಸುತ್ತಲಿನವರು ನೋಡುತ್ತಾರೆ. ಕೈಹಿಡಿದ ಗಂಡ ಇನ್ನೊಬ್ಬಳ ಕಡೆ ತಿರುಗುತ್ತಾನೆ. ಕಡೆಗೆ ಮತ್ತೆ ಆಸ್ಪತ್ರೆಯೇ ಗತಿ. ಆ ಮನೆಯಲ್ಲಿ ಯಾರೂ ದೊಣ್ಣೆ ಎತ್ತಲಿಲ್ಲ. ಆದರೂ ಅದು ಹಿಂಸೆ.

ನಮ್ಮೂರುಗಳಲ್ಲೂ ವರದಕ್ಷಿಣೆ ಸಾಲದು ಎಂದು ಪೀಡಿಸಿ, ಹೆಣ್ಣು ಎದುರು ಮಾತಾಡಿದರೆ ‘ಹುಚ್ಚಿ’ ಎಂದು ತವರಿಗೆ ಅಟ್ಟುವವರಿದ್ದಾರೆ. ಅವರಿಗೆ ಕಾನೂನು ಗೊತ್ತಿರಲಿ. ಕಾಯಿಲೆಯ ಹೆಸರು ಹೇಳಿದ ಮಾತ್ರಕ್ಕೆ ವಿಚ್ಛೇದನ ಸಿಗದು, ಕಾಯಿಲೆ ಎಷ್ಟು ತೀವ್ರ ಎಂಬುದನ್ನು ನೋಡಬೇಕು ಎಂದು 1988ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ಹೀಯಾಳಿಸುವುದು, ಅಡ್ಡಹೆಸರಿಟ್ಟು ಅವಮಾನಿಸುವುದು 2005ರ ಕೌಟುಂಬಿಕ ಹಿಂಸೆ ಕಾಯಿದೆಯ ಪ್ರಕಾರ ದೌರ್ಜನ್ಯ.

ಮಾದಪ್ಪನಿಗೆ ಹರಕೆ ಕಟ್ಟಿಕೊಳ್ಳಿ, ಬೇಡ ಎನ್ನುವುದಿಲ್ಲ. ಜೊತೆಗೆ ಡಾಕ್ಟರ ಹತ್ತಿರವೂ ಕರೆದುಕೊಂಡು ಹೋಗಿ. ಮನಸ್ಸಿನ ತೊಂದರೆಗೆ 14416, ಹಿಂಸೆಗೆ 181: ಈ ಎರಡು ನಂಬರುಗಳನ್ನು ಸಂಘದ ಪುಸ್ತಕದ ಮೊದಲ ಹಾಳೆಯಲ್ಲೇ ಬರೆದಿಡಿ.

ಇನ್ನೊಂದು ಮಾತು. ಕಾವೇರಿಯನ್ನು ದೂರವಿಟ್ಟವರಲ್ಲಿ ಹೆಂಗಸರೂ ಇದ್ದರು. ಗುಣವಾಗಿ ಬಂದ ಹೆಣ್ಣುಮಗಳನ್ನು ಸಂಘದ ಸಭೆಗೆ ಕರೆಯಿರಿ, ಪಕ್ಕದಲ್ಲಿ ಕೂರಿಸಿಕೊಳ್ಳಿ, ಲೆಕ್ಕದ ಪುಸ್ತಕ ಅವಳ ಕೈಗೂ ಕೊಡಿ. ನಮ್ಮ ಓಣಿಯ ಕಾವೇರಿ ಮತ್ತೆ ಆಸ್ಪತ್ರೆಗೆ ಹೋಗದಂತೆ ನೋಡಿಕೊಳ್ಳುವುದು ನಮ್ಮ ಕೈಲೂ ಇದೆ.