ಹೆಸರಿಡುವ ಮುನ್ನ ನಿಘಂಟು



ಮಗಳಿಗೆ 'ಅನಯಾ' ಎಂದು ಹೆಸರಿಡಲು ನಿಶ್ಚಯಿಸಿದ್ದೆವು. ಸಂಸ್ಕೃತ ಮೂಲ, 'ದೇವರ ಕೃಪೆ' ಎಂಬ ಅರ್ಥ ಅಂತ ಮೂರು ಜಾಲತಾಣಗಳಲ್ಲಿತ್ತು. ಮೂರರಲ್ಲೂ ಒಂದೇ ಕಾಗುಣಿತದ ತಪ್ಪು! ದಿನವಿಡೀ ಡೇಟಾ ಪರಿಶೀಲಿಸುವ ನನಗೆ ಇದು ನಕಲು ಎಂದು ಹೊಳೆಯಲೇ ಇಲ್ಲ. ಆಮಂತ್ರಣ ನೋಡಿದ ನಮ್ಮತ್ತೆ, "ನಯ ಇಲ್ಲದವಳು ಅಂತಾಗಲ್ವೇನಮ್ಮಾ?" ಎಂದರು.

1890ರಲ್ಲಿ ನಮ್ಮ ಪುಣೆಯಲ್ಲೇ ಪ್ರಕಟವಾದ ವಾಮನ ಶಿವರಾಮ ಆಪ್ಟೆಯವರ ಸಂಸ್ಕೃತ-ಇಂಗ್ಲಿಷ್ ನಿಘಂಟು ತೆರೆದೆ. ಅನಯ ಎಂದರೆ ಅನ್ಯಾಯ, ದುರ್ನಡತೆ, ವಿಪತ್ತು. ಅತ್ತುಬಿಟ್ಟೆ. (ಈ ಹೆಸರಿನ ಮಕ್ಕಳಿರುವವರು ಬೇಸರಿಸಬೇಡಿ, ಬೇರೆ ಭಾಷೆಯಲ್ಲಿ ಬೇರೆ ಅರ್ಥವಿರಬಹುದು.)

ಜನನ ಪ್ರಮಾಣಪತ್ರಕ್ಕೆ ಹೆಸರು ಸೇರಿಸಲು 12 ತಿಂಗಳು ಶುಲ್ಕವಿಲ್ಲದ ಅವಕಾಶವಿದೆ, ಅವಸರ ನಮ್ಮದೇ. ತೊಟ್ಟಿಲ ಬಳಿ ನಾದಿನಿ ಮಗುವಿನ ಕಿವಿಯಲ್ಲಿ ಹೇಳಿದ್ದು 'ನಯನಾ'. ಮಿಕ್ಕ ಆಮಂತ್ರಣಗಳ ಹಿಂಬದಿಯಲ್ಲಿ ಈಗ ದಿನಸಿ ಪಟ್ಟಿ ಬರೆಯುತ್ತೇನೆ.